ಹೋಗಲು ಇಚ್ಛೆಯಿಲ್ಲ

ನಮ್ಮ ಸರ್ದಾರ್‌ಜಿಯ ಪಗಡಿ ಆರು ಮೀಟರ್ ಉದ್ದ. ದಿನಾ ಬೆಳಿಗ್ಗೆ ಅದರ ಒಂದು ತುದಿ ಅವರ ಕೈಯಲ್ಲಿ, ಇನ್ನೊಂದು ತುದಿ ನನ್ನ ಕೈಯಲ್ಲಿ. ಅವರು ಒಳಕೋಣೆಯ ಬಾಗಿಲಲ್ಲಿ ನಿಂತರೆ ನಾನು ಅಡುಗೆಮನೆಯ ಹೊಸ್ತಿಲಲ್ಲಿ ನಿಲ್ಲಬೇಕು. ಪೊಲೀಸ್ ಲೈನಿನ ಕ್ವಾರ್ಟರ್ಸಿನ ಉದ್ದವೇ ಅಷ್ಟು. ಎಳೆದು, ಮಡಿಸಿ, ಮತ್ತೆ ಎಳೆದು ಮಡಿಕೆ ಹಾಕುವ ಆ ಐದು ನಿಮಿಷದಲ್ಲಿ ನಮ್ಮ ಸಂಸಾರದ ಮಾತೆಲ್ಲ ಮುಗಿಯುತ್ತದೆ. ಜಗಳವಾದ ದಿನ ನಾನು ತುದಿ ಹಿಡಿಯುವುದಿಲ್ಲ. ಅವರು ಅದನ್ನು ಬಾಗಿಲ ಚಿಲಕಕ್ಕೆ ಕಟ್ಟಿಕೊಂಡು ಒದ್ದಾಡುತ್ತಾರೆ. ಎಡಗೈಯಲ್ಲಿ ಎರಡು ಬೆರಳಿಲ್ಲ, ಮಡಿಕೆ ಜಾರುತ್ತದೆ. ಅಂಥ ದಿನ ಹಾಜರಿಗೆ ನಿಂತಾಗ ಅವರ ತಲೆ ನೋಡಿದರೆ ಸಾಕು, ಥಾಣೇದಾರ್ನಿ ಸಿಟ್ಟಾಗಿದ್ದಾಳೆ ಎಂದು ಇಡೀ ಲೈನಿಗೆ ಗೊತ್ತಾಗುತ್ತದೆ.

ಥಾಣೇದಾರ್ನಿ ಎಂದರೆ ನಾನೇ. ಬಚಿಂತ್ ಕೌರ್ ಎಂಬ ಹೆಸರು ರೇಷನ್ ಕಾರ್ಡಿನಲ್ಲಿದೆ, ಅಷ್ಟೇ. ನಮ್ಮ ಪಂಜಾಬಿನಲ್ಲಿ ಭುಜದ ಮೇಲೆ ಒಂದೇ ಒಂದು ಸ್ಟಾರಿರುವ ಎಎಸ್‌ಐಯನ್ನೂ ಥಾಣೇದಾರ ಎಂದೇ ಕರೆಯುತ್ತಾರೆ. ಅವನ ಹೆಂಡತಿ ಥಾಣೇದಾರ್ನಿ. ತರಕಾರಿಯವನು, ಹಾಲಿನವನು, ಗುರುದ್ವಾರದಲ್ಲಿ ಗ್ರಂಥ ಓದುವ ಗ್ರಂಥಿ, ಎಲ್ಲರಿಗೂ ನಾನು ಇಪ್ಪತ್ತೈದು ವರ್ಷದಿಂದ ಅದೇ. ಆ ಹೆಸರು ನನಗೆ ಎಷ್ಟು ಇಷ್ಟವೆಂದು ಈಗ ಹೇಳಲು ನಾಚಿಕೆಯಾಗುತ್ತದೆ. ಆದರೆ ಅದನ್ನು ಮುಚ್ಚಿಟ್ಟರೆ ಈ ಕಥೆಯೇ ಇಲ್ಲ.

ಹೋದ ಜನವರಿಯ ಒಂದು ಬೆಳಿಗ್ಗೆ, ಮಂಜು ಅಂಗಳದೊಳಕ್ಕೇ ನುಗ್ಗಿದ್ದಾಗ, ಅವರು ಬಟ್ಟೆಯ ಆ ತುದಿಯಿಂದ ಹೇಳಿದರು:

"ಬಚಿಂತೋ, ಲಿಸ್ಟ್ ಬಂದಿದೆ."

"ಯಾವ ಲಿಸ್ಟು?"

"ಹಂಗಾಮಿ ಬಡ್ತಿಯವರದ್ದು. ನಲವತ್ಮೂರನೇ ನಂಬರ್ ನಂದು. ಸ್ಟಾರ್ ತೆಗೀಬೇಕಂತೆ."

ನನ್ನ ಕೈಯಿಂದ ತುದಿ ಜಾರಿ ನೆಲಕ್ಕೆ ಬಿತ್ತು. ಪಗಡಿಯ ಬಟ್ಟೆ ನೆಲ ಮುಟ್ಟಬಾರದು. ಮೂವತ್ತು ವರ್ಷದಲ್ಲಿ ಅದು ಮೊದಲ ಸಲ. ಅವರು ಅದನ್ನು ಎತ್ತಿ ಕಣ್ಣಿಗೊತ್ತಿಕೊಂಡರು.

ಸ್ಟಾರು ಬಂದ ಬಗೆ ಹೇಳಬೇಕು. ತೊಂಬತ್ತೆರಡರಲ್ಲಿ ನಮ್ಮ ಕಡೆ ಉಗ್ರರ ಹಾವಳಿಯ ಕೆಟ್ಟ ಕಾಲ. ಸಂಜೆ ಐದಕ್ಕೆ ಊರಿನ ಬಾಗಿಲುಗಳೆಲ್ಲ ಮುಚ್ಚುತ್ತಿದ್ದವು. ನಮ್ಮವರು, ಎಂದರೆ ನಿಶಾನ್ ಸಿಂಗ್, ಆಗ ಬರೀ ಕಾನ್‌ಸ್ಟೆಬಲ್, ಕಾಲುವೆ ಸೇತುವೆಯ ನಾಕಾಬಂದಿಯಲ್ಲಿ ಡ್ಯೂಟಿ. ಬಸ್ಸೊಂದನ್ನು ತಪಾಸಣೆ ಮಾಡುವಾಗ ಸೀಟಿನ ಕೆಳಗೆ ವಾರಸುದಾರನಿಲ್ಲದ ಚೀಲ ಸಿಕ್ಕಿತು. ಒಳಗಿಂದ ಟಿಕ್ ಟಿಕ್ ಎಂದು ಶಬ್ದ. ಬಸ್ಸಿನ ತುಂಬ ಜನ, ಇಳಿಸಲು ಹೊತ್ತಿಲ್ಲ. ಇವರು ಚೀಲ ಎತ್ತಿಕೊಂಡು ಓಡಿ ಕಾಲುವೆಗೆ ಎಸೆದರು. ಅದು ನೀರು ಮುಟ್ಟುವ ಮೊದಲೇ ಸಿಡಿಯಿತು. ಬಸ್ಸಿನ ಐವತ್ತಮೂರು ಜನ ಮನೆಗೆ ಹೋದರು, ಇವರು ಎರಡು ಬೆರಳು ಬಿಟ್ಟು ಆಸ್ಪತ್ರೆಗೆ ಹೋದರು. ಮೂರನೇ ದಿನ ದೊಡ್ಡ ಸಾಹೇಬರು ಬಂದು, ರೋಗಿಯ ಅಂಗಿಗೆ ಭುಜಪಟ್ಟಿ ಇಲ್ಲದ್ದರಿಂದ, ಸ್ಟಾರನ್ನು ದಿಂಬಿಗೆ ಚುಚ್ಚಿ ಹೋದರು. ನನ್ನ ಅತ್ತೆ ಆ ದಿಂಬಿನ ಬಟ್ಟೆಯನ್ನು ಸಾಯುವವರೆಗೂ ಟ್ರಂಕಿನಲ್ಲಿಟ್ಟಿದ್ದರು.

ಆ ಕಾಲದಲ್ಲಿ ಬೇರೆ ರೀತಿಯಲ್ಲಿ ಸ್ಟಾರ್ ಗಳಿಸಿದವರೂ ಇದ್ದರು. ಅವರ ಮಾತು ನಾನು ಆಡುವುದಿಲ್ಲ. ನಮ್ಮವರ ಸ್ಟಾರಿನಲ್ಲಿ ಯಾರ ಮನೆಯ ಕಣ್ಣೀರೂ ಇಲ್ಲ.

ಆದರೆ ಅದು ಹಂಗಾಮಿ ಬಡ್ತಿ. ಭುಜದ ಮೇಲೆ ಥಾಣೇದಾರ, ಕಾಗದದಲ್ಲಿ ಕಾನ್‌ಸ್ಟೆಬಲ್, ಸಂಬಳವೂ ಕಾನ್‌ಸ್ಟೆಬಲ್ಲನದೇ. ಹೊಟ್ಟೆಗೆ ಹಿಟ್ಟಿಲ್ಲದಿದ್ದರೂ ಜುಟ್ಟಿಗೆ ಮಲ್ಲಿಗೆ ಹೂವು ಅನ್ನುತ್ತಾರಲ್ಲ, ಹಾಗೆ. ಮುಂದೆ ಸೇವೆಯ ವರ್ಷಗಳ ಲೆಕ್ಕದಲ್ಲಿ ಕಾಗದದ ಮೇಲೆ ಹವಾಲ್ದಾರ ಆದರು, ಅಲ್ಲಿಗೇ ನಿಂತರು. ಕಾಗದದಲ್ಲೂ ಥಾಣೇದಾರ ಆಗಬೇಕಾದರೆ ಟ್ರೈನಿಂಗ್ ಸೆಂಟರಿನಲ್ಲಿ ಆರು ತಿಂಗಳ ಕೋರ್ಸು ಮಾಡಿರಬೇಕು. ಮಾಡದವನು ಬಾಂಬನ್ನು ಬರಿಗೈಯಲ್ಲಿ ಹಿಡಿದಿದ್ದರೂ ಒಂದೇ, ಹಿಡಿಯದಿದ್ದರೂ ಒಂದೇ.

ಈಗ ಪರೀಕ್ಷೆ, ಕೋರ್ಸು ಎಲ್ಲ ಮುಗಿಸಿ ಬಂದ ಹುಡುಗರು ಕೋರ್ಟಿಗೆ ಹೋಗಿದ್ದರು. ಹಂಗಾಮಿಯವರು ದಾರಿಗೆ ಅಡ್ಡ ನಿಂತಿದ್ದಾರೆ, ನಮಗೆ ಬಡ್ತಿ ಸಿಗುತ್ತಿಲ್ಲ ಎಂದು. ಕೋರ್ಟು ಒಪ್ಪಿತು. ಎಲ್ಲ ಹಂಗಾಮಿಯವರೂ ಕಾಗದದ ದರ್ಜೆಗೆ ಹಿಂದಿರುಗಬೇಕು. ತನ್ನ ತಪ್ಪಿಲ್ಲದೆ ಯಾರಿಗೆ ಕೋರ್ಸು ತಪ್ಪಿತೋ ಅವರು ಮಾತ್ರ ತಿಂಗಳೊಳಗೆ ಅರ್ಜಿ ಹಾಕಬಹುದು. ಸಮಿತಿ ಒಪ್ಪಿದರೆ ಅದೇ ಸ್ಟಾರಿನಲ್ಲಿ ಖಾಯಂ ಆಗುತ್ತಾರೆ. ನಮ್ಮವರಿಗೆ ನಿವೃತ್ತಿಗೆ ಉಳಿದದ್ದು ಹದಿನಾಲ್ಕು ತಿಂಗಳು. ಥಾಣೇದಾರನಾಗಿ ಮನೆಗೆ ಬರುತ್ತಾರೋ, ಹವಾಲ್ದಾರನಾಗಿಯೋ, ಅದು ಈ ಒಂದು ತಿಂಗಳಲ್ಲಿ ತೀರ್ಮಾನವಾಗಬೇಕಿತ್ತು.

ಆ ತಿಂಗಳು ಮನೆಯಲ್ಲಿ ಯಾರಿಗೂ ನಿಂತಲ್ಲಿ ನಿಲ್ಲಲಾಗಲಿಲ್ಲ, ಕೂತಲ್ಲಿ ಕೂರಲಾಗಲಿಲ್ಲ. ಅವರು ಗೇಟಿನವರೆಗೆ ಹೋಗಿ ಬರುವರು, ಮತ್ತೆ ಹೋಗುವರು. ಕುಂಬಳಕಾಯಿ ಕಳ್ಳ ಎಂದರೆ ಹೆಗಲು ಮುಟ್ಟಿ ನೋಡಿಕೊಂಡನಂತೆ. ಇವರು ಯಾರೂ ಏನೂ ಅನ್ನದೆಯೇ ದಿನಕ್ಕೆ ನೂರು ಸಲ ಹೆಗಲು ಮುಟ್ಟಿ ನೋಡಿಕೊಳ್ಳುತ್ತಿದ್ದರು. ಡ್ಯೂಟಿಗೆ ಹೋಗುವಾಗ ಸಮವಸ್ತ್ರದ ಮೇಲೆ ಶಾಲು ಹೊದೆಯಲು ಶುರುಮಾಡಿದರು. ಚಳಿಯೆಂದು ಸಬೂಬು. ಸ್ಟಾರು ತೋರಿಸಲೂ ಬೇಡ, ಮುಚ್ಚಿದೆ ಎನ್ನಿಸಿಕೊಳ್ಳಲೂ ಬೇಡ. ನಾನು ಮೆಕ್ಕೆಜೋಳದ ರೊಟ್ಟಿ ಹೆಂಚಿನ ಮೇಲೆ ಮರೆಯುತ್ತಿದ್ದೆ. ಮೂರು ಸಲ ಸಾಸಿವೆ ಸೊಪ್ಪಿನ ಸಾಗಿಗೆ ಉಪ್ಪು ಎರಡೆರಡು ಬಾರಿ ಬಿತ್ತು. ಅವರು ಸುಮ್ಮನೆ ಉಂಡರು. ಅದು ನನಗೆ ಇನ್ನೂ ಸಿಟ್ಟು ತರಿಸಿತು.

"ಮಾತಾಡ್ರೀ! ಉಪ್ಪು ಜಾಸ್ತಿ ಅಂತನಾದ್ರೂ ಬೈರಿ!"

"ಜಾಸ್ತಿ ಇದೆ," ಎಂದರು, ಅಷ್ಟೇ.

ಕೊನೆಗೆ ಅವರನ್ನು ಎಳೆದುಕೊಂಡು ಆಫೀಸಿಗೆ ಹೋದೆ. ಗುಮಾಸ್ತ ಮದನ್ ಲಾಲ್ ಸೇವಾ ಪುಸ್ತಕ ತೆಗೆದು ಒಂದೊಂದೇ ಹಾಳೆ ತಿರುವಿದ.

"ಎಲ್ಲ ಚೆನ್ನಾಗಿದೆ ಥಾಣೇದಾರ್ ಸಾಬ್. ಬಸ್ಸಿನದ್ದಿದೆ, ಬೆರಳಿನ ಡಾಕ್ಟ್ರ ಚೀಟಿ ಇದೆ, ಪ್ರಶಂಸಾಪತ್ರ ಮೂರಿವೆ. ಆದ್ರೆ ಇಲ್ನೋಡಿ, ಈ ಒಂದು ಕಾಗದ ಎಲ್ಲಾನೂ ತಿಂದ್ ಹಾಕತ್ತೆ."

ತೊಂಬತ್ತೈದರ ಕಾಗದ. ಹಳದಿಯಾಗಿತ್ತು. ಕೋರ್ಸಿಗೆ ನಮ್ಮ ಜಿಲ್ಲೆಯಿಂದ ಹತ್ತು ಸೀಟು, ಹತ್ತನೆಯ ಹೆಸರು ನಿಶಾನ್ ಸಿಂಗ್. ಅದರ ಕೆಳಗೆ ಆಗ ಆಫೀಸಿನ ಬರವಣಿಗೆ ನೋಡುತ್ತಿದ್ದ ಮುನ್ಶಿಯ ದುಂಡನೆಯ ಅಕ್ಷರದಲ್ಲಿ, "ತರಬೇತಿಗೆ ಹೋಗಲು ಇಚ್ಛೆಯಿಲ್ಲ" ಎಂದಿತ್ತು. ಅದಕ್ಕೆ ಇವರ ಸಹಿ. ಅದರ ಕೆಳಗೆ ಹನ್ನೊಂದನೆಯ ಹೆಸರು, ದಿಲಬಾಗ್ ಸಿಂಗ್, ಮೇಲಕ್ಕೆ ಹತ್ತಿತ್ತು.

ಆಗಿನ ಪದ್ಧತಿಯೇ ಹಾಗೆ. ಒಬ್ಬ ತನ್ನ ಸರದಿಯನ್ನು ಕೆಳಗಿನವನಿಗೆ ಬಿಟ್ಟುಕೊಡಬೇಕಾದರೆ ಬೇರೆ ದಾರಿಯಿಲ್ಲ, ಬೇರೆ ಕಾಲಮ್ಮೂ ಇಲ್ಲ. ಇಚ್ಛೆಯಿಲ್ಲ ಎಂದು ಬರೆದುಕೊಡಬೇಕು. "ಮುಂದಿನ ಬ್ಯಾಚಿಗೆ ಕಳಿಸ್ತೀನಿ, ಹಾಕು ಸಹಿ" ಎಂದು ಮುನ್ಶಿ ಹೇಳಿದ್ದನಂತೆ. ಆದರೆ ಒಮ್ಮೆ ಇಚ್ಛೆಯಿಲ್ಲ ಎಂದು ಬರೆದವನ ಹೆಸರು ಮುಂದಿನ ಯಾವ ಬ್ಯಾಚಿಗೂ ಬರುವುದಿಲ್ಲವೆಂದು ಮುನ್ಶಿಗೂ ಗೊತ್ತಿರಲಿಲ್ಲ, ಇವರಿಗೂ ಗೊತ್ತಿರಲಿಲ್ಲ.

"ಕಿತ್ತಾಕಿ ಅದನ್ನ," ಎಂದೆ.

"ಪುಟಕ್ಕೆ ನಂಬರಿದೆ ಭೈಣ್‌ಜಿ."

"ಪುಟಕ್ಕೆ ನಂಬರ್ ಹಾಕಿ ಜೋಪಾನ ಮಾಡ್ತೀರ, ಮನುಷ್ಯನ ಬೆರಳು ಹೋಗಿದ್ದಕ್ಕೆ ಒಂದು ನಂಬರ್ ಇಲ್ವಾ?"

ಮದನ್ ಲಾಲ್ ಒಳ್ಳೆಯವನು, ಕೋಪ ಮಾಡಿಕೊಳ್ಳಲಿಲ್ಲ. "ಹನ್ನೊಂದನೇ ನಂಬರಿನವ್ರು ಬರೆದುಕೊಟ್ರೆ ಆಗಬಹುದು," ಎಂದ. "ಇವ್ರು ಕೋರ್ಸು ಬೇಡ ಅಂದಿರ್ಲಿಲ್ಲ, ನನ್ನ ಅಗತ್ಯ ನೋಡಿ ಬಿಟ್ಟುಕೊಟ್ರು ಅಂತ. ದಿಲಬಾಗ್ ಸಿಂಗ್ ಸಾಬ್ ಇಲ್ಲೇ ಇದ್ದಾರಲ್ಲ."

ಇಲ್ಲದೆ ಏನು! ನಮ್ಮ ಲೈನಿನ ಇನ್ಸ್‌ಪೆಕ್ಟರ್ ಅವನೇ. ಮೂಲೆಯ ದೊಡ್ಡ ಕ್ವಾರ್ಟರ್ಸು ಅವನದು. ಒಂದು ಕಾಲದಲ್ಲಿ ಇವರಿಗೆ ಸೆಲ್ಯೂಟ್ ಹೊಡೆಯುತ್ತಿದ್ದವನು. ಈಗ ದಿನಾ ಬೆಳಿಗ್ಗೆ ಹಾಜರಿಯಲ್ಲಿ ಇವರು ಅವನಿಗೆ ಹೊಡೆಯುತ್ತಾರೆ.

ಆ ಸೀಟಿನ ಕಥೆ ಲೈನಿನಲ್ಲಿ ಎಲ್ಲರಿಗೂ ಗೊತ್ತು, ಯಾಕೆಂದರೆ ಹೇಳಿದವಳು ನಾನು. ದಿಲಬಾಗನಿಗೆ ಹೆಣ್ಣು ಗೊತ್ತಾಗಿತ್ತು, ಹುಡುಗ ಕೋರ್ಸಿಗೆ ಹೋಗುವುದಾದರೆ ಮಾತ್ರ ಮದುವೆ ಎಂದು ಹೆಣ್ಣಿನ ಅಪ್ಪ ಪಟ್ಟು ಹಿಡಿದ, ಇವನು ಬಂದು ನಮ್ಮವರ ಕಾಲು ಹಿಡಿದ, ದೊಡ್ಡ ಮನಸ್ಸಿನ ನಮ್ಮವರು ಸೀಟು ಬಿಟ್ಟುಕೊಟ್ಟರು, ಅವನು ಮೇಲೇರಿ ಮರೆತ. ನಲ್ಲಿಯ ಹತ್ತಿರ ಹೇಳಿದ್ದೇನೆ. ಗುರುದ್ವಾರದ ಅಡುಗೆಮನೆ ಲಂಗರಿನಲ್ಲಿ ರೊಟ್ಟಿ ಲಟ್ಟಿಸುತ್ತ ಹೇಳಿದ್ದೇನೆ. ಹೊಸ ಸೊಸೆಯಂದಿರು ಲೈನಿಗೆ ಬಂದ ವಾರದಲ್ಲೇ ಅವರಿಗೆ ಈ ಕಥೆ ಸಿಗುತ್ತಿತ್ತು. ದಿಲಬಾಗನ ಹೆಂಡತಿ ನಿಂದರ್ ಎದುರಿಗೆ ಬಂದರೆ ದನಿ ಸ್ವಲ್ಪ ಏರಿಸುತ್ತಿದ್ದೆ. ಅವಳು ಏನೂ ಅನ್ನದೆ ಬಕೆಟ್ ಎತ್ತಿಕೊಂಡು ಹೋಗುವಳು. ನೋಡಿದಿರಾ, ಕಳ್ಳಿಗೆ ಬಾಯಿಲ್ಲ ಎನ್ನುತ್ತಿದ್ದೆ.

"ಹೋಗಿ ಕೇಳ್ರಿ ಅವನನ್ನ," ಎಂದರೆ ನಮ್ಮವರು ಒಲ್ಲೆ ಎಂದರು.

"ಬೇಡ ಬಚಿಂತೋ. ಅವನ ಡಿಎಸ್‌ಪಿ ಬಡ್ತಿ ಫೈಲು ಮೇಲಿದೆ. ಬೇರೆಯವರ ಸರದಿಯಲ್ಲಿ ಹೋದವನು ಅಂತ ಅದಕ್ಕೂ ಕಲ್ಲು ಬೀಳತ್ತೆ."

"ಬೀಳ್ಲಿ! ನಮ್ಮದಕ್ಕೆ ಬಂಡೆನೇ ಬಿದ್ದಿದೆ."

"ನೀನು ಹೋಗ್ಬೇಡ," ಎಂದರು. ಮೂವತ್ತು ವರ್ಷದಲ್ಲಿ ಅವರು ನನಗೆ ಹೋಗಬೇಡ ಎಂದದ್ದು ಕಡಿಮೆ. ಅದಕ್ಕೇ ಹೋದೆ.

ಭಾನುವಾರ ಮಧ್ಯಾಹ್ನ. ದಿಲಬಾಗ್ ತಲೆಗೆ ನೀರೆರೆದುಕೊಂಡು ಅಂಗಳದ ಹಗ್ಗದ ಮಂಚದ ಮೇಲೆ ಬಿಸಿಲಿಗೆ ಕೂದಲು ಹರವಿಕೊಂಡು ಕೂತಿದ್ದ. ಪಗಡಿಯಿಲ್ಲ, ಸ್ಟಾರುಗಳಿಲ್ಲ. ಬೆನ್ನಿನ ತುಂಬ ನರೆಗೂದಲು. ನನ್ನನ್ನು ಕಂಡವನೇ ಎದ್ದು ಬಾಗಿ ಕಾಲು ಮುಟ್ಟಿದ.

"ಭಾಬಿ, ಬನ್ನಿ ಬನ್ನಿ. ನಿಂದರ್, ಚಾ ತಗೊಂಬಾ."

"ಚಾ ಕುಡಿಯೋಕೆ ಬಂದಿಲ್ಲ. ಸೀಟು ತಿಂದೋರು ಇವತ್ತು ಉಗುಳ್ಬೇಕು. ಎರಡೇ ಸಾಲು ಬರೆದ್ಕೊಡು."

ಅವನು ಮರದ ಹಣಿಗೆಯನ್ನು ಕೂದಲಿಂದ ತೆಗೆದು ಕೈಯಲ್ಲಿಟ್ಟುಕೊಂಡ. "ಬರೀತೀನಿ ಭಾಬಿ. ನನ್ ಬಡ್ತಿಗೆ ಪೆಟ್ಟು ಬಿದ್ರೂ ಬೀಳ್ಲಿ, ನಿಶಾನ್ ಪಾಜಿಗೋಸ್ಕರ ಬರೀತೀನಿ. ಆದ್ರೆ ಏನಂತ ಬರೀಲಿ? ನೀವೇ ಹೇಳಿ."

"ಏನಂತ ಅಂದ್ರೆ? ನಿನ್ ಮದುವೆಗೋಸ್ಕರ ಅವ್ರು ಸೀಟು ಬಿಟ್ರು ಅಂತ."

ಅಡುಗೆಮನೆಯ ಬಾಗಿಲಲ್ಲಿ ಲೋಟ ಸದ್ದಾಯಿತು. ನಿಂದರ್ ಹೊರಗೆ ಬಂದಳು. ಇಪ್ಪತ್ತೆರಡು ವರ್ಷ ಬಾಯಿ ಬಿಡದಿದ್ದವಳು ನನ್ನ ಮುಖಕ್ಕೆ ಮುಖ ಕೊಟ್ಟು ನಿಂತಳು.

"ನಮ್ ಮದುವೆ ಮಾರ್ಚಲ್ಲಿ ಆಗಿದ್ದು ಥಾಣೇದಾರ್ನಿ. ಟ್ರೈನಿಂಗ್ ಲಿಸ್ಟು ಬಂದಿದ್ದು ಜುಲೈಲಿ. ನನ್ ಮದುವೇಲಿ ಹಾಡು ಹೇಳ್ಕೊಂಡು ಎಲ್ಲರಿಗಿಂತ ಜಾಸ್ತಿ ಕುಣಿದೋರು ನೀವೇ. ಇಷ್ಟು ವರ್ಷ ನಲ್ಲಿ ಹತ್ರ ನಿಂತು ನನ್ ಮದುವೆ ಕಥೆ ಹೇಳಿದ್ರಲ್ಲ, ತಾರೀಕು ಯಾವುದು ಅಂತ ಒಂದ್ಸಲ ನನ್ನೇ ಕೇಳ್ಬಾರ್ದಿತ್ತಾ?"

"ನಿಂದರ್, ಸಾಕು," ಎಂದ ದಿಲಬಾಗ್.

"ಸಾಕಾಗಿಲ್ಲ ನಂಗೆ!" ಎಂದು ಅವಳು ಒಳಗೆ ಹೋದಳು.

ನಾನು ಮಂಚದ ಅಂಚಿನಲ್ಲಿ ಕೂತೆ. ದಿಲಬಾಗ್ ಎದುರಿಗೆ ನೆಲದ ಮೇಲೆ ಕುಕ್ಕರಗಾಲಲ್ಲಿ ಕೂತ.

"ಪಾಜಿ ಅವತ್ತು ನನ್ನ ಬ್ಯಾರಕ್‌ಗೆ ಬಂದ್ರು ಭಾಬಿ. ನೀನು ಹೋಗು ಅಂದ್ರು. ಯಾಕ್ ಪಾಜಿ ಅಂದೆ. ನಿನ್ ಭಾಬಿಗೆ ನಾನು ಹೋಗೋದು ಇಷ್ಟವಿಲ್ಲ ಅಂದ್ರು. ಆಮೇಲೆ ನೀವು ನನ್ ಮದುವೆ ಕಥೆ ಶುರುಮಾಡಿದಾಗ ನಾನೇ ಹೋಗಿ ಕೇಳ್ದೆ, ಇದೇನ್ ಪಾಜಿ ಅಂತ. ಕೈ ಹಿಡ್ಕೊಂಡ್ರು. ಇರ್ಲಿ ಬಿಡು ದಿಲಬಾಗ್, ನಿನ್ ಹೆಸರಲ್ಲೇ ಇರ್ಲಿ, ಅವಳ ಮೇಲೆ ಬರೋದು ಬೇಡ ಅಂದ್ರು. ನಾನು ಒಪ್ಕೊಂಡೆ. ಅವರ ಸೀಟಲ್ಲಿ ಕೂತೋನು ಅಷ್ಟೂ ಮಾಡ್ದೆ ಇರಕ್ಕಾಗತ್ತಾ?"

ಅಯ್ಯೋ, ನನಗೆ ನೆನಪಿರಲಿಲ್ಲ ಎನ್ನಲೇ? ಇತ್ತು. ಒಳಗೆಲ್ಲೋ ಇತ್ತು. ಜುಲೈ ತಿಂಗಳ ಸೆಕೆ, ಅಂಗಳದ ಕೈಪಂಪು. ನನಗೆ ಆಗ ಇಪ್ಪತ್ತಾರು ವರ್ಷ, ಥಾಣೇದಾರ್ನಿಯಾಗಿ ಮೂರೇ ವರ್ಷ. ಕೋರ್ಸಿಗೆ ಹೋಗುವವರು ಹಂಗಾಮಿ ಸ್ಟಾರು ಬಿಚ್ಚಿಡಬೇಕು, ಚಡ್ಡಿ ಹಾಕಿಕೊಂಡು ಕಾನ್‌ಸ್ಟೆಬಲ್ ಹುಡುಗರ ಸಾಲಿನಲ್ಲಿ ನಿಲ್ಲಬೇಕು ಎಂದು ಯಾರೋ ನನಗೆ ಹೇಳಿದ್ದರು. ನಾನು ಬಕೆಟ್ ಕುಕ್ಕಿ ಹೇಳಿದ್ದೆ: "ಸ್ಟಾರ್ ಬಿಚ್ಚಿಟ್ಟು ಚಡ್ಡಿ ಹಾಕ್ಕೊಂಡು ಲೆಫ್ಟ್ ರೈಟ್ ಮಾಡ್ತೀರಾ? ನಮ್ಮಪ್ಪನ ಊರಲ್ಲಿ ನಾನು ಯಾವ ಮುಖ ಇಟ್ಕೊಂಡು ಓಡಾಡ್ಲಿ? ಹೋಗೋದಾದ್ರೆ ಹೋಗಿ, ವಾಪಸ್ ಬರೋ ಹೊತ್ತಿಗೆ ನಾನಿಲ್ಲಿರಲ್ಲ." ಎರಡು ದಿನ ಪಗಡಿಯ ತುದಿ ಹಿಡಿಯಲಿಲ್ಲ. ಮೂರನೆಯ ದಿನ ಅವರು, ಹೋಗೋದಿಲ್ಲ, ಬರೆದುಕೊಟ್ಟೆ ಎಂದರು. ಹಿಡಿದೆ.

ನಾಲಿಗೆಗೆ ಎಲುಬಿಲ್ಲ. ಹೇಳಿದ್ದನ್ನು ಮರೆಯಬೇಕಿತ್ತು, ಮರೆಯಲು ಒಂದು ಕಥೆ ಬೇಕಿತ್ತು, ಕಥೆಗೆ ಒಬ್ಬ ಕಳ್ಳ ಬೇಕಿತ್ತು. ದಿಲಬಾಗ್ ಸಿಕ್ಕಿದ.

"ನೀನು ಏನೂ ಬರೀಬೇಡ," ಎಂದು ಎದ್ದೆ. "ಬರೆಸೋದಿದ್ರೆ ನಾನೇ ಬರೆಸ್ತೀನಿ."

ಸಮಿತಿ ಕೂತದ್ದು ಬುಧವಾರ. ಆಫೀಸಿನ ಉದ್ದದ ವರಾಂಡದಲ್ಲಿ ಅರವತ್ತೊಂದು ಜನ, ಎಲ್ಲ ಐವತ್ತು ದಾಟಿದವರು, ಎಲ್ಲರ ಕಂಕುಳಲ್ಲಿ ಪ್ಲಾಸ್ಟಿಕ್ ಫೈಲು. ಕೆಲವರು ಗಡ್ಡಕ್ಕೆ ಹೊಸದಾಗಿ ಕಪ್ಪು ಹಚ್ಚಿಕೊಂಡು ಬಂದಿದ್ದರು.

"ಮಗಳ ಮದುವೆ ಕಾರ್ಡಲ್ಲಿ ಎಎಸ್‌ಐ ಅಂತ ಹಾಕ್ಸಿದೀನಿ ಕಣೋ," ಎಂದ ಒಬ್ಬ. "ಇವತ್ತು ಕಿತ್ಕೊಂಡ್ರೆ ಬೀಗರಿಗೆ ಏನ್ ಹೇಳ್ಲಿ?"

"ಪ್ರಿಂಟಿನೋನು ತಪ್ಪು ಮಾಡ್ದ ಅನ್ನು. ಸರ್ಕಾರ ತಪ್ಪು ಮಾಡ್ತು ಅಂದ್ರೆ ಯಾರೂ ನಂಬಲ್ಲ," ಎಂದ ಇನ್ನೊಬ್ಬ. ಎಲ್ಲರೂ ನಕ್ಕರು, ನಕ್ಕು ಮತ್ತೆ ಬಾಗಿಲು ನೋಡಿದರು.

ಅಲ್ಲೇ ಕಂಬಕ್ಕೆ ಒರಗಿ ಒಬ್ಬ ಯುವ ಅಧಿಕಾರಿ ನಿಂತಿದ್ದ, ಕೋರ್ಟಿಗೆ ಹೋದವರ ಪೈಕಿ. ನಾನು ಸುಮ್ಮನಿರಲಾರದೆ, "ನಿಮ್ಮಪ್ಪನ ವಯಸ್ಸಿನೋರ ಸ್ಟಾರ್ ಕೀಳಿಸ್ತೀಯಲ್ಲಪ್ಪ," ಎಂದೆ.

"ಬೀಬೀಜಿ, ನಾನು ಪರೀಕ್ಷೆ ಬರೆದು, ಕೋರ್ಸು ಮಾಡಿ, ಹನ್ನೊಂದು ವರ್ಷದಿಂದ ಇವರ ಹಿಂದೆ ನಿಂತಿದೀನಿ. ನಮ್ಮಪ್ಪನೂ ನನ್ನ ಕೇಳ್ತಾನೆ, ನಿಂಗ್ಯಾವಾಗ ಅಂತ," ಎಂದ, ಮೆತ್ತಗೆ. ಮೂರೂವರೆ ಗಂಟೆ ಅಲ್ಲಿ ಅತ್ತಿಂದಿತ್ತ ನಡೆದೆ. ನಮ್ಮವರು ಬೆಂಚಿನ ಮೇಲೆ ಎಡಗೈಯನ್ನು ಬಲಗೈಯಲ್ಲಿ ಮುಚ್ಚಿಕೊಂಡು ಕೂತಿದ್ದರು.

"ನಲವತ್ಮೂರು!" ಎಂದು ಕೂಗಿದರು. ಅವರು ಒಳಗೆ ಹೋದರು. ಬಾಗಿಲು ಮುಚ್ಚುವ ಮೊದಲು ನಾನೂ ನುಗ್ಗಿದೆ.

ಮೇಜಿನ ಹಿಂದೆ ಮೂವರು ಅಧಿಕಾರಿಗಳು, ನಡುವೆ ಕೂತವರು ಹೆಂಗಸು. ಕನ್ನಡಕದ ಮೇಲಿಂದ ನೋಡಿದರು.

"ಬೀಬಿ, ನೀವ್ಯಾರು? ಇದು ಇಲಾಖೆ ವಿಚಾರಣೆ."

ಬಾಯಿಗೆ ಥಾಣೇದಾರ್ನಿ ಎಂದು ಬಂದಿತ್ತು. ನುಂಗಿಕೊಂಡೆ. "ಹವಾಲ್ದಾರ್ ನಿಶಾನ್ ಸಿಂಗ್ ಹೆಂಡತಿ ಸಾಬ್. ಆ ಕಾಗದದಲ್ಲಿ ಇಚ್ಛೆಯಿಲ್ಲ ಅಂತಿದೆಯಲ್ಲ, ಆ ಇಚ್ಛೆ ಇವರದ್ದಲ್ಲ. ನಂದು. ನಾನೇ ಹೋಗ್ಬೇಡಿ ಅಂದೆ. ಬಿಟ್ಟುಹೋಗ್ತೀನಿ ಅಂತ ಹೆದರಿಸ್ದೆ. ಅದಕ್ಕೆ ಬರೆದುಕೊಟ್ರು. ಬರ್ಕೊಳಿ ಸಾಬ್, ಹೆಬ್ಬೆಟ್ಟು ಒತ್ತು ಅಂದ್ರೆ ಒತ್ತೀನಿ, ಸಹಿ ಅಂದ್ರೆ ಸಹಿ. ತಪ್ಪು ನಂದು. ಸ್ಟಾರ್ ಇವರದ್ದು."

ಇಪ್ಪತ್ತೆರಡು ವರ್ಷದ ಮಾತು ಅರ್ಧ ನಿಮಿಷದಲ್ಲಿ ಮುಗಿದುಹೋಯಿತು. ಅಧಿಕಾರಿ ನಮ್ಮವರ ಕಡೆ ತಿರುಗಿದರು.

"ನಿಜಾನಾ?"

ನಮ್ಮವರು ಅಟೆನ್ಷನ್‌ನಲ್ಲಿ ನಿಂತಿದ್ದರು, ಗೋಡೆ ನೋಡುತ್ತ. "ಇಲ್ಲ ಜನಾಬ್. ಹೆಂಗಸು, ಗಂಡನಿಗೋಸ್ಕರ ಏನಾದ್ರೂ ಹೇಳ್ತಾಳೆ. ಸಹಿ ನಂದು, ಇಚ್ಛೆನೂ ನಂದೇ."

"ಸುಳ್ಳು!" ಎಂದು ಕೂಗಿದೆ.

"ಬೀಬಿ, ಸ್ವಲ್ಪ ಸುಮ್ನಿರಿ." ಅಧಿಕಾರಿ ಪೆನ್ನು ಎತ್ತಿ ಮತ್ತೆ ಕೆಳಗಿಟ್ಟರು. ಅವರ ಮುಖ ಕಠಿಣವಾಗಿರಲಿಲ್ಲ. "ಥಾಣೇದಾರ್ ಸಾಬ್, ಹೀಗೆ ಹೇಳಿದ್ರೆ ಏನಾಗತ್ತೆ ಗೊತ್ತಿದೆ ತಾನೇ? ಯೋಚನೆ ಮಾಡಿ. ಮುಂದಿನ ಬ್ಯಾಚಿಗೆ ಕಳಿಸ್ತೀವಿ ಅಂತ ಆಗ ಆಫೀಸಿನಲ್ಲಿ ಯಾರಾದ್ರೂ ಹೇಳಿದ್ರಾ?"

ಅದು ದಾರಿ. ನನ್ನಂಥ ದಡ್ಡಿಗೂ ಅದು ದಾರಿಯೆಂದು ಕಂಡಿತು. ಹೌದು ಎಂದರೆ ಸಾಕಿತ್ತು.

"ಮುನ್ಶಿ ಹೇಳಿದ್ರು ಜನಾಬ್. ಆದ್ರೆ ಅವ್ರು ತೀರಿಹೋಗಿದ್ದಾರೆ, ಉತ್ತರ ಕೊಡೋಕೆ ಬರಲ್ಲ. ಅವರ ಮೇಲೆ ಹಾಕಲ್ಲ. ಏನ್ ಬರೆದಿದ್ರೋ ಅದನ್ನ ಓದಿ ಸಹಿ ಹಾಕಿದ್ದೆ."

ಅಧಿಕಾರಿ ಅವರ ಎಡಗೈ ನೋಡಿದರು. ಆಮೇಲೆ ಬರೆದುಕೊಂಡರು.

ಹೊರಗೆ ಸ್ಕೂಟರಿನ ಹತ್ತಿರ ಬಂದು ಅವರ ತೋಳು ಹಿಡಿದು ಅಲ್ಲಾಡಿಸಿದೆ. ಜನ ನೋಡುತ್ತಿದ್ದರು, ನೋಡಲಿ. "ಯಾಕ್ರೀ? 'ಹೌದು' ಅಂದಿದ್ರೆ ನಿಮ್ಮಪ್ಪನ ಗಂಟೇನು ಹೋಗ್ತಿತ್ತು? ಸತ್ತೋರ ಮೇಲೆ ಹಾಕಲ್ಲ, ಇದ್ದೋರ ಮೇಲೆ ಹಾಕಲ್ಲ, ಹೆಂಡತಿ ಮೇಲೆ ಹಾಕಲ್ಲ! ಎಲ್ಲಾ ನೀವೇ ಹೊತ್ಕೊಂಡು ಎಲ್ಲಿಗೆ ಹೋಗ್ತೀರ?"

ಅವರು ಸ್ಕೂಟರಿನ ಸೀಟಿನ ಮಂಜಿನ ಹನಿ ಒರೆಸಿದರು.

"ಸುಳ್ಳೇನಲ್ಲ ಬಚಿಂತೋ. ನಂಗೂ ಹೋಗೋಕೆ ಮನಸ್ಸಿರ್ಲಿಲ್ಲ. ಕೋರ್ಸಲ್ಲಿ ರೈಫಲ್ ಕವಾಯತು ಇರತ್ತೆ. ಈ ಕೈಲಿ ರೈಫಲ್ ಜಾರ್ತಿತ್ತು, ಯಾರೂ ಇಲ್ದಾಗ ಪ್ರಯತ್ನ ಮಾಡಿದ್ದೆ. ಮೈದಾನದ ಮಧ್ಯೆ ಹುಡುಗರ ಮುಂದೆ ಬಿದ್ದಿದ್ರೆ? ನೀನು ಹೋಗ್ಬೇಡ ಅಂದಾಗ ಎಷ್ಟು ಹಗುರ ಆಯ್ತು ಅಂತೀಯ. ನೆಪ ಸಿಕ್ತು ನಂಗೆ."

ಇದು ನಿಜವೋ, ನನ್ನ ಮೇಲಿನ ಭಾರ ಇಳಿಸಲು ಕಟ್ಟಿದ ಮಾತೋ? ಈಗಲೂ ಗೊತ್ತಿಲ್ಲ. ಮೂವತ್ತು ವರ್ಷ ಠಾಣೆಯಲ್ಲಿ ಬೇರೆಯವರ ಹೇಳಿಕೆ ಬರೆದುಕೊಂಡ ಮನುಷ್ಯ. ಹೇಳಿಕೆ ಹೇಗಿದ್ದರೆ ಅದರಲ್ಲಿ ತೂತು ಹುಡುಕಲಾಗುವುದಿಲ್ಲ ಎಂದು ಅವರಿಗೆ ಚೆನ್ನಾಗಿ ಗೊತ್ತು. ದಾರಿಯುದ್ದಕ್ಕೂ ಅವರ ಬೆನ್ನಿಗೆ ಹಣೆ ಒತ್ತಿ ಅತ್ತೆ.

ಎರಡು ವಾರದ ಮೇಲೆ ಆದೇಶ ಬಂತು. ಹತ್ತೊಂಬತ್ತು ಜನ ಖಾಯಂ. ನಲವತ್ಮೂರನೆಯವರು ಅದರಲ್ಲಿಲ್ಲ.

ಸ್ಟಾರನ್ನು ಅವರೇ ಬಿಚ್ಚಿ ಬೆಂಕಿಪೊಟ್ಟಣದಲ್ಲಿಟ್ಟು ನನ್ನ ಕೈಗೆ ಕೊಟ್ಟರು. ಹವಾಲ್ದಾರನ ಮೂರು ಪಟ್ಟಿಗಳನ್ನು ತೋಳಿಗೆ ಹೊಲಿಯಬೇಕಿತ್ತು, ಅದು ಬೆರಳಿಲ್ಲದವರ ಕೈಲಾಗುವ ಕೆಲಸವಲ್ಲ. ಮೊದಲ ಸಲ ಸೊಟ್ಟಗಾಯಿತು, ಬಿಚ್ಚಿದೆ. ಎರಡನೆಯ ಸಲವೂ ಬಿಚ್ಚಿದೆ. ಮೂರನೆಯ ಸಲ ನೆಟ್ಟಗೆ ಕೂತಿತು. ಭುಜದಲ್ಲಿ ಸ್ಟಾರಿದ್ದ ಜಾಗದ ಖಾಕಿ ಮಾತ್ರ ಬಣ್ಣ ಮಾಸದೆ ಹೊಸದರಂತೆ ಉಳಿದಿತ್ತು. ಅದಕ್ಕೆ ಏನು ಮಾಡುವುದೆಂದು ನನಗೆ ತಿಳಿಯಲಿಲ್ಲ.

ಬೆಳಿಗ್ಗೆ ಅವರು ಪಗಡಿಯ ಬಟ್ಟೆ ಬಿಡಿಸಿ ಬಾಗಿಲಲ್ಲಿ ನಿಂತರು. ಹೊಸ್ತಿಲಲ್ಲಿ ನಾನು ನಿಂತೆ.

"ಥಾಣೇದಾರ್ನಿ, ಬಿಗಿಯಾಗಿ ಹಿಡಿ," ಎಂದರು.

"ಹವಾಲ್ದಾರ್ನಿ ಅನ್ನಿ."

"ಬಾಯಿಗೆ ಬರ್ತಿಲ್ಲ."

"ರೂಢಿ ಮಾಡ್ಕೊಳಿ. ನಂಗೂ ಬೇಕು." ಎಳೆದೆವು, ಮಡಿಸಿದೆವು. ಅಂದಿನ ಮಡಿಕೆಗಳಷ್ಟು ನೆಟ್ಟಗಿನ ಮಡಿಕೆ ನಾವು ಎಂದೂ ಹಾಕಿರಲಿಲ್ಲ. ಅವರು ಶಾಲು ಹೊದೆಯದೆ ಹೊರಟರು.

ಅವರು ಗೇಟು ದಾಟಿದ ಮೇಲೆ ಬಕೆಟ್ ತೆಗೆದುಕೊಂಡು ನಲ್ಲಿಯ ಹತ್ತಿರ ಹೋದೆ. ಏಳೆಂಟು ಹೆಂಗಸರಿದ್ದರು. ಸಾಲಿನ ಕೊನೆಯಲ್ಲಿ ನಿಂದರ್ ಇದ್ದಳು, ಎಂದಿನಂತೆ ಬಕೆಟ್ ಎತ್ತಿಕೊಂಡು ಹೊರಡಲು ಬಾಗಿದಳು.

"ನಿಂದರ್, ನಿಲ್ಲು," ಎಂದೆ. ದನಿ ಏರಿಸಿಯೇ ಹೇಳಿದೆ, ಇಷ್ಟು ವರ್ಷ ಏರಿಸಿದಷ್ಟೇ. "ನೀವೆಲ್ಲ ಕೇಳ್ರೇ. ಇವಳ ಮದುವೆ ಆಗಿದ್ದು ಮಾರ್ಚಲ್ಲಿ. ಟ್ರೈನಿಂಗ್ ಲಿಸ್ಟು ಬಂದಿದ್ದು ಜುಲೈಲಿ."